ಬಾಯಿಲ್ಲದ ಮುಖವಾಡ

ಜೂನ್ 3, ಸೋಮವಾರ

ಹೇಳಿಕೊಳ್ಳಲು ಯಾರೂ ಇಲ್ಲದ್ದಕ್ಕೆ ಈ ನೋಟ್‌ಬುಕ್ ತೆಗೆದಿದ್ದೇನೆ. ಇಲ್ಲದಿದ್ದರೆ ಹೊಟ್ಟೆ ಉಬ್ಬಿ ಸಾಯುತ್ತೇನೆ.

ನನಗೊಂದು ಪಾತ್ರ ಸಿಕ್ಕಿದೆ. ನಿಜವಾದ ಪಾತ್ರ. ಇಪ್ಪತ್ತೆರಡು ವರ್ಷದಿಂದ ಡಬ್ಬಿಂಗ್ ಕೋಣೆಯಲ್ಲಿ ನಿಂತು ಗಂಟಲು ಸವೆಸಿದ್ದೇನೆ. ಸೊಳ್ಳೆ ಔಷಧಿಯ ಜಾಹೀರಾತು, ‘ದಯವಿಟ್ಟು ಸರತಿಯಲ್ಲಿ ಬನ್ನಿ’, ಪೊಲೀಸ್ ನಂಬರ್ ಎರಡು, ಗುಂಡು ತಗುಲಿ ಸಾಯುವವನು, ಅವನು ಸತ್ತದ್ದನ್ನು ಕಂಡು ‘ಅಯ್ಯೋ’ ಎನ್ನುವವನು. ಒಂದೇ ದಿನ ಎಂಟು ಸಲ ಸತ್ತು, ಸಂಜೆ ಮನೆಗೆ ಬಂದು ಟೀ ಕುಡಿದದ್ದೂ ಇದೆ.

ಇದು ಕೊರಿಯಾದ ಸರಣಿ. ಮುಚ್ಚಿಹೋದ ಏಳು ಮಹಡಿಯ ಅಂಗಡಿ ಕಟ್ಟಡದಲ್ಲಿ ಮೂವತ್ತು ಮಂದಿಯನ್ನು ಕೂಡಿಹಾಕಿರುತ್ತಾರೆ. ದಿನಕ್ಕೊಂದು ಮಹಡಿಯ ದೀಪ ಆರುತ್ತದೆ. ಅಷ್ಟರೊಳಗೆ ಮೇಲಿನ ಮಹಡಿ ಸೇರಲಾಗದವರ ಕಥೆ ಅಲ್ಲಿಗೆ ಮುಗಿಯಿತು. ಇದನ್ನೆಲ್ಲ ಆಡಿಸುವವನು ಬಿಳಿ ಮುಖವಾಡದವನು. ಎಲ್ಲರೂ ಅವನನ್ನು ‘ಯಜಮಾನ’ ಎನ್ನುತ್ತಾರೆ. ಆ ಮುಖವಾಡಕ್ಕೆ ಕಣ್ಣಿನ ತೂತುಗಳಿವೆ, ಬಾಯಿಲ್ಲ. ಆ ಬಾಯಿ ನಾನು.

ಮುಖವಾಡದ ಹಿಂದೆ ಯಾರಿದ್ದಾರೆಂದು ನನಗೂ ಹೇಳಿಲ್ಲ. ಕೊನೆಯ ಕಂತಿನ ಹೊತ್ತಿಗೆ ಹೇಳುತ್ತಾರಂತೆ. ಈ ಧ್ವನಿ ನನ್ನದೆಂದು ಸರಣಿ ಮುಗಿಯುವವರೆಗೆ ಹೊರಗೆ ಬಾಯಿಬಿಡುವ ಹಾಗಿಲ್ಲ. ಮನೆಯವರಿಗೂ ಇಲ್ಲ. ಕಾಗದಕ್ಕೆ ಸಹಿ ಹಾಕಿಸಿಕೊಂಡಿದ್ದಾರೆ. ಬಾಯಿಬಿಟ್ಟರೆ ಈ ಕೆಲಸವೂ ಹೋಯಿತು, ಮುಂದಿನದೂ ಹೋಯಿತು.

ಕುಣಿದುಕೊಂಡು ಮನೆಗೆ ಬಂದರೆ ಮಗಳು ಯೂನಿಫಾರ್ಮ್‌ನಲ್ಲೇ ಸೋಫಾದ ಮೇಲೆ ಕೂತಿದ್ದಳು. ಕಾಲಲ್ಲಿ ಶೂ. ಇವತ್ತೂ ಶಾಲೆಗೆ ಹೋಗಿಲ್ಲ. ಇದು ಒಂಬತ್ತನೇ ದಿನ. ಸಂತೋಷವನ್ನು ನುಂಗಿಕೊಂಡು ಅಡುಗೆಮನೆಗೆ ಹೋದೆ.

ಜೂನ್ 5, ಬುಧವಾರ

ಮಗಳಿಗೆ ಹದಿನೈದು. ನಾಲ್ಕನೇ ವಯಸ್ಸಿನಿಂದ ಮಾತು ತಡವರಿಸುತ್ತದೆ. ನಡುವೆ ಎಷ್ಟೋ ಕಮ್ಮಿಯಾಗಿತ್ತು. ಇವಳ ಶಾಲೆ ಮೇ ನಡುವಿಗೇ ತೆರೆಯಿತು. ಈ ವರ್ಷ ತರಗತಿಯಲ್ಲಿ ಎದ್ದು ನಿಂತು ಪಾಠ ಓದಿಸುವ ಪದ್ಧತಿ ಶುರುವಾಗಿದೆ. ಅವಳು ಒಂದೇ ಪದದ ಮೇಲೆ ಒಂದೂವರೆ ನಿಮಿಷ ಸಿಕ್ಕಿಕೊಂಡದ್ದನ್ನು ಯಾರೋ ಫೋನಿನಲ್ಲಿ ಹಿಡಿದು ಎಲ್ಲರಿಗೂ ಕಳಿಸಿದ್ದಾರೆ. ಅವತ್ತಿನಿಂದ ಬೆಳಗ್ಗೆ ತಯಾರಾಗುತ್ತಾಳೆ, ಶೂ ಹಾಕುತ್ತಾಳೆ, ಲೇಸ್ ಕಟ್ಟುತ್ತಾಳೆ, ಏಳುವುದಿಲ್ಲ.

ನನ್ನಾಕೆ ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ ಮಾಡುವುದು. ಬೆಳಗ್ಗೆ ಐದೂವರೆಗೇ ಮನೆ ಬಿಡುತ್ತಾಳೆ. ಹೀಗಾಗಿ ಬೆಳಗಿನ ಈ ಯುದ್ಧ ನನ್ನ ಪಾಲಿಗೆ. ಬೇಡಿಕೊಂಡಿದ್ದೇನೆ, ಪುಸಲಾಯಿಸಿದ್ದೇನೆ, ಒಂದು ದಿನ ಕೂಗಾಡಿಯೂ ಆಯಿತು. ಪಕ್ಕದ ಮನೆಯವರು ಕಿಟಕಿ ತೆಗೆದರೇ ಹೊರತು ಇವಳು ಏಳಲಿಲ್ಲ.

ಇವತ್ತು ಮಾತಿನ ಡಾಕ್ಟರ ಹತ್ತಿರ ಕರೆದುಕೊಂಡು ಹೋಗಿದ್ದೆವು. ಅವರು ಹೇಳಿದ್ದು ಇಷ್ಟೇ. “ಅವಳು ಮಾತು ಮುಗಿಸೋವರೆಗೂ ಕಾಯಿರಿ. ನೀವು ಪದ ತುಂಬಬೇಡಿ. ನಿಧಾನ, ಉಸಿರು ತಗೋ, ಅಂತೆಲ್ಲ ಅನ್ನಬೇಡಿ.”

ಹೇಳುವುದು ಸುಲಭ. ನನ್ನ ಕಸುಬೇ ಅದು. ಪರದೆಯ ಮೇಲೆ ತುಟಿ ಆಡಿದರೆ ನನ್ನ ಬಾಯಿಂದ ಪದ ಬಂದೇ ಬರುತ್ತದೆ. ವಾಪಸ್ ಬರುವಾಗ ಆಟೋದಲ್ಲಿ ಅವಳು “ಅಪ್ಪ, ನ-ನ-” ಎಂದಳು. “ನೀರಾ?” ಎಂದೆ. ತಲೆಯಾಡಿಸಿದಳು. ಬಾಟಲಿ ಕೊಟ್ಟೆ. ನನ್ನಾಕೆ ಆಚೆ ನೋಡುತ್ತಾ, “ತುಟಿ ಅವಳದು, ಮಾತು ನಿಮ್ಮದು” ಎಂದಳು.

ನಾನು ಮಾಡಿದ್ದರಲ್ಲಿ ತಪ್ಪೇನಿದೆ? ನೀರು ಕೇಳಿದಳು, ಕೊಟ್ಟೆ. ಅವಳು ಅದನ್ನು ಕುಡಿಯಲಿಲ್ಲ ಅನ್ನುವುದು ಬೇರೆ ಮಾತು.

ಜೂನ್ 11, ಮಂಗಳವಾರ

ಮೊದಲ ರೆಕಾರ್ಡಿಂಗ್. ಪರದೆಯನ್ನು ಪೂರ್ತಿ ಕಪ್ಪು ಮಾಡಿ, ಮುಖವಾಡ ಇರುವಲ್ಲಿ ಮಾತ್ರ ಒಂದು ದುಂಡನೆಯ ಕಿಂಡಿ ಬಿಟ್ಟಿದ್ದರು. ಸುತ್ತ ಯಾರಿದ್ದಾರೆ, ಏನಾಗುತ್ತಿದೆ, ಒಂದೂ ಕಾಣದು. ತುಟಿಯೇ ಇಲ್ಲದ ಮುಖಕ್ಕೆ ಮಾತು ಕೂಡಿಸುವುದು ಆರಾಮ ಅಂದುಕೊಂಡಿದ್ದೆ. ಹದಿನೇಳು ಟೇಕ್ ಆದವು.

ಡಬ್ಬಿಂಗ್ ಮಾಡಿಸುವ ಮೇಡಂ ಗಾಜಿನಾಚೆಯಿಂದ ಒಂದೇ ರಾಗ. “ಕೂಗ್ತಾ ಇದೀರಿ ಸಾರ್.”

“ಇಲ್ಲ ಮೇಡಂ, ಮೆಲ್ಲಗೇ ಹೇಳಿದೆ.”

“ಮೆಲ್ಲಗೆ ಕೂಗ್ತಾ ಇದೀರಿ. ಈ ಮನುಷ್ಯನಿಗೆ ಜೀವನದಲ್ಲಿ ಒಂದ್ಸಲನೂ ಕೂಗೋ ಅಗತ್ಯ ಬಂದಿಲ್ಲ. ತನ್ನ ಮಾತು ನಡೆಯುತ್ತೆ ಅಂತ ಅವನಿಗೆ ಗೊತ್ತು. ನಿಮಗೆ ಗೊತ್ತಿಲ್ಲ.”

ಹದಿನೆಂಟನೆಯದಕ್ಕೆ ಏನಾಯಿತೋ, ಎದೆಯಿಂದ ಉಸಿರನ್ನು ತಳ್ಳುವುದನ್ನೇ ಬಿಟ್ಟೆ. ಮಾತನ್ನು ನೆಲದ ಮೇಲೆ ಇಟ್ಟ ಹಾಗೆ ಇಟ್ಟೆ. ಕೊನೆಯ ಪದಕ್ಕೆ ಮುಂಚೆ ಒಂದು ಕ್ಷಣ ನಿಂತೆ. “ನಿನ್ನ ಸಮಯ... ಮುಗಿಯಿತು.”

ರೆಕಾರ್ಡಿಂಗ್ ಮಾಡುವ ಮುದುಕ ಇಂಜಿನಿಯರ್, ಗಾಜಿನಾಚೆಯ ಮಾತು ನಮಗೆ ಕೇಳಿಸುವ ಬಟನ್ ಒತ್ತದೆ ಬಾಯಿ ತೆರೆಯುವವನಲ್ಲ. ಅದಕ್ಕೇ ಎಲ್ಲರೂ ಅವನನ್ನು ಬಟನ್ ಎಂದೇ ಕರೆಯುವುದು. ಅವನು ಬಟನ್ ಒತ್ತಲಿಲ್ಲ, ತನ್ನ ತೋಳನ್ನು ಗಾಜಿಗೆ ಹಿಡಿದು ತೋರಿಸಿದ. ರೋಮ ಎದ್ದು ನಿಂತಿದ್ದವು.

ಜೂನ್ 14, ಶುಕ್ರವಾರ

ಬರೆದಿಡಲೇಬೇಕು. ಇವತ್ತು ಮಗಳು ಶಾಲೆಗೆ ಹೋದಳು!

ಎಂದಿನಂತೆ ಶೂ ಹಾಕಿಕೊಂಡು ಕೂತಿದ್ದಳು. ನನಗೂ ಸಾಕಾಗಿತ್ತು. ಎದುರಿಗೆ ಹೋಗಿ ನಿಂತೆ. ಆ ಧ್ವನಿ ತಾನಾಗಿ ಬಂತು. “ಏಳು. ಬ್ಯಾಗ್ ತಗೋ. ಏಳು ನಿಮಿಷ... ಇದೆ.”

ನನ್ನ ಮುಖವನ್ನೇ ನೋಡಿದಳು. ಎದ್ದಳು. ಬ್ಯಾಗ್ ತಗೊಂಡಳು. ಹೊರಟೇಹೋದಳು. ಒಂದು ಕೂಗಿಲ್ಲ, ಒಂದು ಹನಿ ಕಣ್ಣೀರಿಲ್ಲ. ಬೇಡಿಕೊಂಡು ಬಾಯಿ ನೋಯಿಸಿಕೊಂಡ ಅಷ್ಟೂ ದಿನಗಳನ್ನು ನೆನೆದು ನಗು ಬಂತು.

ಮಧ್ಯಾಹ್ನ ನನ್ನಾಕೆಗೆ ಫೋನ್ ಮಾಡಿ ಹೇಳಿದೆ. “ಅದೇನು ಮಾಡಿದ್ರಿ?” ಎಂದು ಕೇಳಿದಳು. “ಸಮಾಧಾನವಾಗಿ ಹೇಳಿದೆ, ಅಷ್ಟೇ” ಎಂದೆ. ಸುಳ್ಳೇನಲ್ಲವಲ್ಲ.

ಜೂನ್ 26, ಬುಧವಾರ

ಒಂದು ದಿನವೂ ತಪ್ಪಿಲ್ಲ. ಈಗ ಮೂರು ಪದ ಸಾಕು, ಕೆಲವು ಸಲ ಎರಡೇ. ಬಾಗಿಲ ಹತ್ತಿರ ನಿಂತರೂ ನಡೆಯುತ್ತದೆ. ಊಟಕ್ಕೆ ಕರೆದರೆ ಬರುತ್ತಾಳೆ, ಟಿವಿ ಆರಿಸು ಎಂದರೆ ಆರಿಸುತ್ತಾಳೆ. ಕೋಣೆಯೂ ಚೊಕ್ಕಟ.

ಇನ್ನೊಂದು ಬದಲಾವಣೆ ಗಮನಿಸಿದೆ. ಹುಟ್ಟಿದಾಗಿನಿಂದ ನನ್ನನ್ನು ‘ನೀನು’ ಎನ್ನುತ್ತಿದ್ದವಳು ಈಗ ‘ನೀವು’ ಎನ್ನುತ್ತಿದ್ದಾಳೆ. ದೊಡ್ಡವಳಾಗುತ್ತಿದ್ದಾಳೆ, ಮರ್ಯಾದೆ ಬಂದಿದೆ. ತಡವರಿಸುವುದೂ ಎಷ್ಟೋ ಕಮ್ಮಿ. ಇಡೀ ವಾರದಲ್ಲಿ ನನ್ನೆದುರು ಎರಡೋ ಮೂರೋ ಸಲ ಅಷ್ಟೇ. ಮಾತಿನ ಡಾಕ್ಟರಿಗೆ ಹೇಳಿದೆ. “ಒಟ್ಟು ಎಷ್ಟು ಮಾತಾಡಿದಳು?” ಎಂದು ಕೇಳಿದರು. ಅದನ್ನೆಲ್ಲ ಯಾರು ಎಣಿಸುತ್ತಾ ಕೂರುತ್ತಾರೆ?

ಜುಲೈ 5, ಶುಕ್ರವಾರ

ಇವತ್ತು ಸಂಜೆ ಏಳಕ್ಕೆ ಮೊದಲ ಕಂತು. ಇನ್ನು ಶುಕ್ರವಾರಕ್ಕೊಂದು, ಒಟ್ಟು ಏಳು. ಏನೂ ಗೊತ್ತಿಲ್ಲದವನ ಹಾಗೆ ಪೇಪರ್ ಹಿಡಿದುಕೊಂಡು ಕೂತಿದ್ದೆ. ಮಗಳು, ಅವಳಮ್ಮ ಸೋಫಾದ ಮೇಲೆ. ದೀಪ ಆರಿತು, ಬಿಳಿ ಮುಖವಾಡ ಬಂತು, ನಾನು ಮಾತಾಡಿದೆ.

“ಅಬ್ಬಾ, ಯಾರದಪ್ಪಾ ಈ ಗಂಟಲು?” ಎಂದಳು ನನ್ನಾಕೆ. ಹದಿನೆಂಟು ವರ್ಷ ಜೊತೆಗೆ ಸಂಸಾರ ಮಾಡಿದವಳಿಗೆ ಗುರುತು ಸಿಗಲಿಲ್ಲ. ಒಂದು ಕಡೆ ಹೆಮ್ಮೆ, ಇನ್ನೊಂದು ಕಡೆ ಪಿಚ್ಚೆನಿಸಿತು.

ಮಗಳು ಕಾಲು ಮೇಲೆಳೆದುಕೊಂಡು ಮಂಡಿಗೆ ಗಲ್ಲ ಒತ್ತಿ ಕೂತಿದ್ದಳು. ಸ್ವಲ್ಪ ಹೊತ್ತಿಗೆ ಎದ್ದಳು. “ನಾನು ಫೋ-ಫೋನಲ್ಲಿ ನೋಡ್ತೀನಿ. ಕೊರಿಯನ್‌ನಲ್ಲಿ.”

“ಯಾಕೆ, ಕನ್ನಡ ಚೆನ್ನಾಗಿಲ್ವಾ?” ಎಂದೆ. ಕೇಳದೆ ಇರಲಾಗಲಿಲ್ಲ.

“ಚೆನ್ನಾಗಿದೆ” ಎಂದಳು. “ಅ-ಅದಕ್ಕೇ.”

ಅದೆಂಥ ಉತ್ತರ? ಇಪ್ಪತ್ತೆರಡು ವರ್ಷದಲ್ಲಿ ಮಾಡಿದ ಒಳ್ಳೆಯ ಕೆಲಸ ಇದೊಂದು. ಅದನ್ನು ನನ್ನ ಮಗಳೇ ಕೇಳುವುದಿಲ್ಲ.

ಜುಲೈ 20, ಶನಿವಾರ

ಊರೆಲ್ಲ ಅದೇ ಮಾತು. ಕ್ಷೌರದಂಗಡಿಯಲ್ಲಿ ನನ್ನ ಮುಂದಿನವನ ತಲೆ ಮುಗಿದಾಗ ಅಂಗಡಿಯವನು ಬಟ್ಟೆ ಕೊಡವಿ, ದನಿ ತಗ್ಗಿಸಿ, “ನಿನ್ನ ಸಮಯ... ಮುಗಿಯಿತು” ಎಂದ. ಎಲ್ಲರೂ ನಕ್ಕರು. ಬಸ್ಸಿನ ಕಂಡಕ್ಟರ್ ಸ್ಟಾಪ್ ಬಂದಾಗ ಹಾಗೇ ಹೇಳಿ ಜನರನ್ನು ಇಳಿಸುತ್ತಾನೆ. ಮಕ್ಕಳು ಹೇಳುತ್ತಾರೆ, ಮುದುಕರು ಹೇಳುತ್ತಾರೆ. ಕೊನೆಯ ಪದಕ್ಕೆ ಮುಂಚೆ ನಾನು ನಿಲ್ಲುವ ಜಾಗದಲ್ಲೇ ನಿಲ್ಲುತ್ತಾರೆ. ‘ಅಯ್ಯಾ, ಅದು ನಾನು!’ ಎಂದು ಹೇಳಲು ಬಾಯಿ ತುರಿಸಿತು. ನಾಲಿಗೆ ಕಚ್ಚಿಕೊಂಡೆ.

ಮುಖವಾಡದವನು ಕೂಡಿಹಾಕಿದ ಆ ಮೂವತ್ತು ಮಂದಿಯಲ್ಲೇ ಒಬ್ಬನಂತೆ. ಯಾರು? ಕ್ಷೌರಿಕನ ಪ್ರಕಾರ ಆ ನಿವೃತ್ತ ಸೈನಿಕ. ನನ್ನಾಕೆಯ ಪ್ರಕಾರ ಬ್ಯಾಂಕಿನವಳ ಗಂಡ. “ಅಷ್ಟು ಒಳ್ಳೆಯವನಾಗಿ ಯಾವ ಗಂಡನೂ ಇರಲ್ಲ” ಅನ್ನುವುದು ಅವಳ ವಾದ. ಮಗಳು ಮಾತ್ರ ಊಹೆಗೆ ಇಳಿಯುವುದಿಲ್ಲ. ಅವಳಿಗೆ ಆ ಕಟ್ಟಡದ ಲಿಫ್ಟ್ ನಡೆಸುತ್ತಿದ್ದವನೆಂದರೆ ಪ್ರಾಣ. ಅವನಿಗೆ ಮಾತು ಬಾರದು. ಹೇಳಬೇಕಾದ್ದನ್ನು ಎದುರಿನವರ ಅಂಗೈ ಮೇಲೆ ಬೆರಳಿನಿಂದ ಬರೆಯುತ್ತಾನೆ. ತನ್ನ ಪಾಲಿನ ಬ್ರೆಡ್ಡನ್ನು ಮಕ್ಕಳಿರುವವರಿಗೆ ಕೊಡುತ್ತಾನೆ.

ನಿನ್ನೆ ಸಂಜೆ ಒಳಗಿನ ಕೋಣೆಯಿಂದ ನಗು ಕೇಳಿಸಿತು. ಮಗಳು ಅವಳಮ್ಮನ ಅಂಗೈ ಹಿಡಿದು ಬೆರಳಿನಿಂದ ಏನೋ ಬರೆಯುತ್ತಿದ್ದಳು. “ಕಚಗುಳಿ ಆಗುತ್ತೆ ಕಣೇ, ಬಿಡೇ” ಎಂದು ಇವಳು ಒದ್ದಾಡುತ್ತಿದ್ದಳು. ಮಗಳು ಹಾಗೆ ನಕ್ಕದ್ದನ್ನು ಕೇಳಿ ಎಷ್ಟು ದಿನವಾಗಿತ್ತು. ನಾನೂ ಕೈ ಚಾಚಬೇಕೆಂದು ಒಳಗೆ ಹೋದೆ. ಹೋಗುವಷ್ಟರಲ್ಲಿ ಆಟ ಮುಗಿದಿತ್ತು. “ಓದ್ಕೋಬೇಕು” ಎಂದು ಎದ್ದು ಹೋದಳು.

ಜುಲೈ 23, ಮಂಗಳವಾರ

ಇವತ್ತು ರೆಕಾರ್ಡಿಂಗ್‌ಗೆ ಮುಂಚೆ ಫೋನುಗಳನ್ನು ಡಬ್ಬಿಗೆ ಹಾಕಿಸಿಕೊಂಡರು. ಕೊನೆಯ ಕಂತು. ಪರದೆಯ ಮೇಲೆ ಕಪ್ಪಿಲ್ಲ, ಪೂರ್ತಿ ಚಿತ್ರ. ಮುಖವಾಡದವನು ಎರಡೂ ಕೈಯಿಂದ ಮುಖವಾಡ ತೆಗೆದ.

ಲಿಫ್ಟಿನವನು.

ನಾಲ್ಕು ನಿಮಿಷದ ಮಾತು ಅವನದು. ‘ನನಗೆ ಮಾತು ಬರುತ್ತಿತ್ತು. ಆಡಲಿಲ್ಲ. ಮಾತಾಡದವನ ಮುಂದೆ ಜನ ತಮ್ಮ ಗುಟ್ಟುಗಳನ್ನೆಲ್ಲ ಬಿಚ್ಚಿಡುತ್ತಾರೆ. ನಿಮ್ಮನ್ನು ಮುಗಿಸಲು ನನಗೆ ಅಷ್ಟೇ ಸಾಕಾಗಿತ್ತು.’

ಹೆಡ್‌ಫೋನ್ ತೆಗೆದು ಕೆಳಗಿಟ್ಟೆ. “ಮೇಡಂ, ಮುಖವಾಡ ತೆಗೆದ ಮೇಲಿನದ್ದನ್ನ ಬೇರೆ ಯಾರಾದ್ರೂ ಹೇಳಬಹುದಾ?”

“ಏನ್ ಸಾರ್, ತಲೆ ಕೆಟ್ಟಿದೆಯಾ? ಅದೇ ಮನುಷ್ಯ, ಅದೇ ಧ್ವನಿ. ಅಲ್ಲೇ ಅಲ್ವಾ ಜನ ಬೆಚ್ಚಿಬೀಳಬೇಕಾದ್ದು?”

“ಸ್ವಲ್ಪ ಮೆದುವಾಗಿಯಾದ್ರೂ...”

“ಯಾಕೆ?”

ಯಾಕೆಂದು ಏನು ಹೇಳಲಿ? ನನ್ನ ಮಗಳಿಗೆ ಅವನು ಇಷ್ಟ ಎನ್ನಲೇ? ಮನೆಯಲ್ಲಿ ಯಾರಿಗೂ ಗೊತ್ತಿರಬಾರದ ಪಾತ್ರ ಇದು. ಹೆಡ್‌ಫೋನ್ ಹಾಕಿಕೊಂಡೆ. ಎರಡೇ ಟೇಕಿಗೆ ಮುಗಿಯಿತು. ನಾಲ್ಕು ನಿಮಿಷದ ತುಟಿ, ಒಂದು ಕಡೆಯೂ ಜಾರಲಿಲ್ಲ. ಮೇಡಂ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅಷ್ಟು ಸಲೀಸಾಗಿ ಬಂದದ್ದು ಯಾಕೋ ಸರಿ ಕಾಣಲಿಲ್ಲ.

ಜುಲೈ 29, ಸೋಮವಾರ

ಹನ್ನೊಂದು ಗಂಟೆಗೆ ಶಾಲೆಯಿಂದ ಫೋನ್ ಬಂತು. ಮಗಳು ತರಗತಿಯಿಂದ ಎದ್ದು ಬಂದು ಹುಷಾರಿಲ್ಲದ ಮಕ್ಕಳನ್ನು ಮಲಗಿಸುವ ಕೋಣೆಯಲ್ಲಿ ಕೂತಿದ್ದಾಳೆ, ಯಾರು ಕೇಳಿದರೂ ಬಾಯಿ ಬಿಡುತ್ತಿಲ್ಲ.

ಓಡಿದೆ. ಹಾಸಿಗೆಯ ಅಂಚಿನಲ್ಲಿ, ಬ್ಯಾಗನ್ನು ಎದೆಗೆ ಅವಚಿಕೊಂಡು ಕೂತಿದ್ದಳು. ತರಗತಿಯ ಟೀಚರ್ ನನ್ನನ್ನು ಪಕ್ಕಕ್ಕೆ ಕರೆದರು.

“ಏನಿಲ್ಲ ಸಾರ್, ಹುಡುಗರ ಚೇಷ್ಟೆ. ಓದೋವಾಗ ಅವಳು ಎಲ್ಲಾದರೂ ನಿಂತ್ಲು ಅಂದ್ರೆ ಹಿಂದಿನ ಬೆಂಚಿನವರು ಆ ಸೀರಿಯಲ್‌ನ ಡೈಲಾಗ್ ಹೊಡೀತಾರೆ. ‘ನಿನ್ನ ಸಮಯ ಮುಗಿಯಿತು’ ಅಂತ. ಇವತ್ತು ಇಡೀ ಕ್ಲಾಸೇ ಒಟ್ಟಿಗೆ ಹೇಳಿಬಿಡ್ತು.” ಅವರಿಗೆ ನಗು ತಡೆಯಲಾಗಲಿಲ್ಲ. “ಥೇಟ್ ಅದೇ ಧ್ವನೀಲಿ ಹೇಳ್ತಾರೆ ಸಾರ್, ನಮಗೂ ಒಂದ್ಸಲ ಮೈ ಜುಂ ಅನ್ನುತ್ತೆ.”

“ಎಷ್ಟು ದಿನದಿಂದ?”

“ಮೂರು ವಾರ ಆಗಿರಬಹುದು.”

ಮೂರು ವಾರ. ಬೆಳಬೆಳಗ್ಗೆ ನಾನು ಆ ಧ್ವನಿಯಲ್ಲಿ ಎಬ್ಬಿಸಿ ಕಳಿಸಿದ್ದೇನೆ, ಅಲ್ಲಿ ಅವರು ಅದೇ ಧ್ವನಿಯಲ್ಲಿ ಅವಳನ್ನು ಕೂರಿಸಿದ್ದಾರೆ.

ಆ ಟೀಚರ್ ಮೇಲೆ ಕೂಗಾಡಬೇಕೆಂದು ಬಾಯಿ ತೆರೆದೆ. ಬಂದದ್ದು ಕೂಗಲ್ಲ. “ಇದು ನಗೋ ವಿಷಯ... ಅಲ್ಲ.” ಆಕೆ ಒಂದು ಹೆಜ್ಜೆ ಹಿಂದೆ ಸರಿದರು. ಹಾಸಿಗೆಯ ಮೇಲಿದ್ದ ಮಗಳು ತಟ್ಟನೆ ಎದ್ದು ನಿಂತಳು. ನಾನು ಅವಳಿಗೆ ಹೇಳಿದ್ದಲ್ಲ.

ಆಟೋದಲ್ಲಿ ಮನೆಯವರೆಗೂ ಅವಳು ಬ್ಯಾಗನ್ನು ಎದೆಯಿಂದ ಇಳಿಸಲಿಲ್ಲ.

ಜುಲೈ 30, ಮಂಗಳವಾರ

ಅವಳು ಶಾಲೆಗೆ ಹೋಗಲಿಲ್ಲ. ನಾನು ಹೋಗೆನ್ನಲಿಲ್ಲ.

ಆಗಸ್ಟ್ 2, ಶುಕ್ರವಾರ

ಮಧ್ಯಾಹ್ನ ನನ್ನಾಕೆ ಲ್ಯಾಬಿನಿಂದ ಬಂದವಳು ಬಟ್ಟೆ ಕೂಡ ಬದಲಾಯಿಸದೆ ನನ್ನ ಎದುರು ಕುರ್ಚಿ ಎಳೆದುಕೊಂಡು ಕೂತಳು.

“ಮುಖವಾಡದವನ ಧ್ವನಿ ನಿಮ್ಮದೇ, ಅಲ್ವಾ?”

ಕೈಲಿದ್ದ ಪೇಪರ್ ಮಡಿಚಿಟ್ಟೆ.

“ನೀವು ಹೇಳೋದು ಬೇಡ. ಮಗಳು ಹೇಳಿದಳು. ಮೊದಲನೇ ಕಂತಿಗೇ ಅವಳಿಗೆ ಗೊತ್ತಾಗಿದೆ.”

“ಅದು ಹೇಗೆ? ನಿನಗೇ ಗುರುತು ಸಿಗಲಿಲ್ಲ.”

“ನನ್ನ ಹತ್ರ ನೀವು ಯಾವತ್ತೂ ಆ ಧ್ವನೀಲಿ ಮಾತಾಡಿಲ್ವಲ್ಲ.”

ನಾನು ಮಗಳಿಗೆ ಹೊಡೆದಿಲ್ಲ, ಬೈದಿಲ್ಲ, ಒಂದು ಕೆಟ್ಟ ಮಾತು ಆಡಿಲ್ಲ ಎಂದೆ. ಶಾಲೆ ತಪ್ಪಬಾರದೆಂದು ಮಾಡಿದ್ದು ಎಂದೆ. ಈಗ ದೊಡ್ಡವರಿಗೆ ಕೊಡುವ ಹಾಗೆ ಮರ್ಯಾದೆ ಕೊಟ್ಟು ‘ನೀವು’ ಅಂತಾಳೆ ನೋಡು ಎಂದೆ.

“ಮರ್ಯಾದೆ ಅಲ್ಲಾ ರೀ ಅದು. ಯಾರೋ ಹೊರಗಿನವರನ್ನ ಅನ್ನೋ ಹಾಗೆ ಅಂತಾಳೆ.”

ಆಮೇಲೆ ಇನ್ನೊಂದು ಮಾತು ಹೇಳಿದಳು. ಮೂರು ವಾರ ಇಡೀ ತರಗತಿ ಆಡಿಕೊಂಡರೂ ಆ ಧ್ವನಿ ನನ್ನಪ್ಪನದು ಎಂದು ಮಗಳು ಒಬ್ಬರಿಗೂ ಹೇಳಲಿಲ್ಲವಂತೆ. ಹೇಳಿದ್ದರೆ ಅವತ್ತೇ ಎಲ್ಲರೂ ಅವಳ ಹಿಂದೆ ಸುತ್ತುತ್ತಿದ್ದರು. ಯಾಕೆ ಹೇಳಲಿಲ್ಲ ಎಂದು ಅಮ್ಮ ಕೇಳಿದ್ದಕ್ಕೆ, “ಗುಟ್ಟಾಗಿಟ್ಟಿದಾರೆ ಅಂದ್ರೆ ಹೇಳಬಾರದು ಅಂತ ತಾನೇ? ಕೆಲಸ ಹೋ-ಹೋದ್ರೆ?” ಎಂದಳಂತೆ.

ಇಷ್ಟು ಬರೆದು ತುಂಬ ಹೊತ್ತಾಯಿತು. ಮುಂದೆ ಏನು ಬರೆಯಲಿ?

ಆಗಸ್ಟ್ 4, ಭಾನುವಾರ

ಅವಳ ಹತ್ತಿರ ಮಾತಾಡಲೇಬೇಕೆಂದು ಬೆಳಗ್ಗೆ ಬಚ್ಚಲಲ್ಲಿ ನಿಂತು ಹೇಳಿ ನೋಡಿಕೊಂಡೆ. “ಮರಿ, ನನ್ನಿಂದ ತಪ್ಪಾಯ್ತು.” ಮೊದಲ ಸಲ ಯಜಮಾನನ ಧ್ವನಿ ಬಂತು. ಎರಡನೇ ಸಲ ಸೊಳ್ಳೆ ಔಷಧಿ. ಮೂರನೇ ಸಲ ಪೊಲೀಸ್ ನಂಬರ್ ಎರಡು. ನನ್ನದು ಯಾವುದು? ಮನೆಯಲ್ಲಿ, ಮೊದಲೆಲ್ಲ, ನಾನು ಹೇಗೆ ಮಾತಾಡುತ್ತಿದ್ದೆ? ಎಷ್ಟು ತಡಕಿದರೂ ನೆನಪಿಗೆ ಬರಲಿಲ್ಲ. ನಲ್ಲಿ ತಿರುಗಿಸಿ ಮುಖ ತೊಳೆದುಕೊಂಡು, ಬಂದದ್ದು ಬರಲಿ ಎಂದು ಅವಳ ಕೋಣೆಗೆ ಹೋದೆ.

ಹೇಳಿದೆ. ಯಾವ ಧ್ವನಿಯಲ್ಲಿ ಹೇಳಿದೆನೋ ಗೊತ್ತಿಲ್ಲ. ಅವಳು ಮೇಜಿನ ಅಂಚನ್ನು ಉಗುರಿನಿಂದ ಗೀರುತ್ತಾ ಕೇಳಿಸಿಕೊಂಡಳು.

“ನಾನು ದ-ದ-”

“ದೊಡ್ಡಮ್ಮನಾ?” ಎಂದುಬಿಟ್ಟೆ. ಎರಡು ದಿನದಿಂದ ಅವರ ಫೋನು ಬರುತ್ತಲೇ ಇತ್ತು.

ಬಾಯಿ ಮುಚ್ಚಿಕೊಂಡಳು. ನಾಲಿಗೆಯನ್ನು ಕಿತ್ತು ಎಸೆಯಬೇಕೆನಿಸಿತು. ಕ್ಷಮೆ ಕೇಳಿ ಒಂದು ನಿಮಿಷವೂ ಆಗಿರಲಿಲ್ಲ.

ಸ್ವಲ್ಪ ಹೊತ್ತಿಗೆ ಪುಸ್ತಕದೊಳಗಿಂದ ಒಂದು ಕಾಗದ ತೆಗೆದು ಕೊಟ್ಟಳು. ಅವಳ ದೊಡ್ಡಮ್ಮ, ಎಂದರೆ ನನ್ನಾಕೆಯ ಅಕ್ಕ, ಇರುವುದು ಆರು ಗಂಟೆ ದೂರದ ಊರಲ್ಲಿ. ಅಲ್ಲಿ ಚಿಕ್ಕದೊಂದು ಶಾಲೆ ಇದೆಯಂತೆ, ತರಗತಿಗೆ ಹನ್ನೆರಡೇ ಮಕ್ಕಳಂತೆ. ಅಲ್ಲಿ ಓದುತ್ತೇನೆ ಎಂದು ಬರೆದಿದ್ದಳು. ದೊಡ್ಡಮ್ಮ ಒಪ್ಪಿಯೂ ಆಗಿದೆ, ಅಮ್ಮನಿಗೂ ಗೊತ್ತು. ಕೊನೆಗೆ ಉಳಿದವನು ನಾನು. ಬೇಡ ಎನ್ನಲು ಬಾಯಿ ಬರಲಿಲ್ಲ. ಬಂದಿದ್ದರೆ ಯಾವ ಧ್ವನಿ ಬರುತ್ತಿತ್ತೋ ಎಂಬ ಹೆದರಿಕೆ.

ಏಳುವ ಮುಂಚೆ ಇನ್ನೊಂದು ಕೆಲಸ ಮಾಡಿದೆ. ಸಹಿ ಹಾಕಿದ ಕಾಗದ ಮಣ್ಣುಪಾಲಾಗಲಿ. ಹದಿನಾರನೇ ತಾರೀಖು ಆ ಕಂತನ್ನು ನೋಡಿ ಅವಳು ಕುಸಿಯುವುದನ್ನು ನೋಡಲಾರೆ ಎಂದುಕೊಂಡು, “ಮರಿ, ಆ ಲಿಫ್ಟಿನವನು...” ಎಂದೆ.

“ಗೊತ್ತು” ಎಂದಳು.

“ಏನು ಗೊತ್ತು?”

“ಅವನೇ ಅಂತ. ಮಾ-ಮಾತಾಡದವರ ಮುಂದೆ ಎಲ್ರೂ ಎಲ್ಲಾನೂ ಹೇಳ್ಕೋತಾರೆ. ಕ್ಲಾಸಲ್ಲಿ ನನ್ನ ಮುಂದೇನೂ ಹಾಗೇ. ಅವನಿಗೆ ಎಲ್ಲರ ಗು-ಗುಟ್ಟು ಗೊತ್ತಿತ್ತಲ್ಲ.”

“ಗೊತ್ತಿದ್ದೂ ಅವನು ಇಷ್ಟನಾ?”

ತಲೆ ಎತ್ತಿ ಕೇಳಿದಳು. “ಮುಖವಾಡ ತೆ-ತೆಗೆದ ಮೇಲೂ ಧ್ವನಿ ನಿಮ್ಮದೇನಾ?”

“ಹೌದು.”

“ಹಾಗಾದ್ರೆ ಅದನ್ನೂ ಕೊರಿಯನ್‌ನಲ್ಲೇ ನೋಡ್ತೀನಿ.”

ಆಗಸ್ಟ್ 9, ಶುಕ್ರವಾರ

ಶಾಲೆಯ ಮುಖ್ಯಸ್ಥರ ಕೋಣೆಯ ಹೊರಗೆ ನಲವತ್ತು ನಿಮಿಷ ಕೂತೆ. “ಮಕ್ಕಳು ಸಾರ್, ಇವತ್ತು ಈ ಡೈಲಾಗ್, ನಾಳೆ ಇನ್ನೊಂದು” ಎಂದರು. ಆ ಮಕ್ಕಳ ಹತ್ತಿರ ನಾನೇ ಮಾತಾಡುತ್ತೇನೆ ಎಂದೆ. ಮನೆಗೆ ಬಂದು ಮಗಳಿಗೆ ತಿಳಿಸಿದರೆ, “ಬೇಡ” ಎಂದಳು. ಆ ಪದದಲ್ಲಿ ತಡವರಿಸಲೇ ಇಲ್ಲ.

ಮೇಡಂ ಫೋನ್ ಮಾಡಿದ್ದರು. ಇನ್ನೊಂದು ಸರಣಿ ಬರುತ್ತಿದೆಯಂತೆ, ಇದಕ್ಕಿಂತ ದೊಡ್ಡ ಪಾತ್ರ, ಇದೇ ಧ್ವನಿ ಬೇಕಂತೆ. “ಯೋಚನೆ ಮಾಡಿ ಹೇಳ್ತೀನಿ” ಎಂದೆ. “ಯೋಚನೆ ಮಾಡೋಕೆ ಏನಿದೆ ಸಾರ್?” ಎಂದು ನಕ್ಕರು. ನಿಜ, ಏನಿದೆ? ನನಗೆ ಬೇರೆ ಕೆಲಸ ಗೊತ್ತಿಲ್ಲ.

ಆಗಸ್ಟ್ 16, ಶುಕ್ರವಾರ

ನಿನ್ನೆಯಿಂದ ಗಂಟಲು ಕಟ್ಟಿದೆ. ಪಿಸುಮಾತಿನಷ್ಟೇ ಬರುತ್ತದೆ. ಶೀತವಿಲ್ಲ, ಜ್ವರವಿಲ್ಲ.

ಸಂಜೆ ಕೊನೆಯ ಕಂತು. ಮನೆಯಲ್ಲಿ ಕೂರಲಾರದೆ ಏಳಕ್ಕೆ ಐದು ನಿಮಿಷವಿರುವಾಗ ಹೊರಬಿದ್ದೆ. ಬೀದಿಯಲ್ಲಿ ಒಂದು ನರಪಿಳ್ಳೆ ಇಲ್ಲ. ಎಲ್ಲ ಕಿಟಕಿಗಳಲ್ಲೂ ಟಿವಿಯ ನೀಲಿ ಬೆಳಕು. ಔಷಧಿ ಅಂಗಡಿ ದಾಟುವಷ್ಟರಲ್ಲಿ ಶುರುವಾಯಿತು. ಮೊದಲ ಮನೆಯಿಂದ ನಾನು. ಎರಡನೇ ಮನೆಯಿಂದ ನಾನು, ಅರ್ಧ ಸೆಕೆಂಡು ತಡವಾಗಿ. ಮಹಡಿಯ ಮೇಲಿನಿಂದ ನಾನು. ಬೀದಿ ಬೀದಿ ಸುತ್ತಿ ಮುಕ್ಕಾಲು ಗಂಟೆಯಾದ ಮೇಲೆ ಆ ಕೊನೆಯ ಮಾತೂ ಬಂತು. ‘ನನಗೆ ಮಾತು ಬರುತ್ತಿತ್ತು. ಆಡಲಿಲ್ಲ.’ ಎಡಕ್ಕೆ ತಿರುಗಿದೆ, ಅಲ್ಲೂ ನಾನು. ಲಾಂಡ್ರಿಯವನ ಅಂಗಡಿಯಲ್ಲಿ ಇಸ್ತ್ರಿ ಪೆಟ್ಟಿಗೆಯನ್ನು ಎತ್ತಿ ಹಿಡಿದವನು ಕೆಳಗಿಡುವುದನ್ನೇ ಮರೆತು ನನ್ನನ್ನು ಕೇಳುತ್ತಾ ನಿಂತಿದ್ದ. ಆ ನಾಲ್ಕು ನಿಮಿಷ ಎತ್ತ ಓಡಿದರೂ ಬಿಡಲಿಲ್ಲ. ನಿಲ್ಲಿಸಿ ಎಂದು ಯಾರನ್ನು ಕೇಳಲಿ? ಕೇಳೋಣವೆಂದರೆ ಗಂಟಲೂ ಇಲ್ಲ.

ಮನೆಗೆ ಬಂದಾಗ ಮಗಳ ಕೋಣೆಯ ಬಾಗಿಲು ಅರ್ಧ ತೆರೆದಿತ್ತು. ಕಿವಿಗೆ ಇಯರ್‌ಫೋನ್, ಕೈಯಲ್ಲಿ ಫೋನ್, ಕೆನ್ನೆಯ ಮೇಲೆ ನೀರು. ಅವನಿಗಾಗಿ ಅಳುತ್ತಿದ್ದಳೋ, ಯಾಕೆ ಅಳುತ್ತಿದ್ದಳೋ. ಒಳಗೆ ಹೋಗಲಿಲ್ಲ. ಹೋಗಿ ಮಾಡುವುದೇನು?

ಆಗಸ್ಟ್ 18, ಭಾನುವಾರ

ಬೆಳಗ್ಗೆ ಎಂಟರ ಬಸ್ಸು. ಎರಡು ಸೂಟ್‌ಕೇಸು, ಒಂದು ಹಾಸಿಗೆ ಸುರುಳಿ, ಪುಸ್ತಕದ ರಟ್ಟಿನ ಡಬ್ಬಿ. ನನ್ನಾಕೆ ಜೊತೆಗೆ ಹೋಗಿ ಬಿಟ್ಟು ಬುಧವಾರ ಬರುತ್ತಾಳೆ. ನಾನೂ ಬರುತ್ತೇನೆ ಎಂದು ಸನ್ನೆಯಲ್ಲಿ ಹೇಳಿದ್ದೆ. “ಈ ಸಲ ಬೇಡ” ಎಂದಳು ನನ್ನಾಕೆ, ಮೆತ್ತಗೆ.

ಸಾಮಾನು ಮೇಲೆ ಹಾಕಿಸಿ ಬಂದು ಕಿಟಕಿಯ ಕೆಳಗೆ ನಿಂತೆ. ಗಂಟಲು ಪೂರ್ತಿ ನಿಂತುಹೋಗಿದೆ, ಪಿಸುಮಾತೂ ಇಲ್ಲ. ಮಗಳು ಕಿಟಕಿಯ ಗಾಜು ಸರಿಸಿ ತಲೆ ಹೊರಗೆ ಹಾಕಿದಳು.

“ಅಪ್ಪ, ಬ...”

ಸಿಕ್ಕಿಕೊಂಡಳು. ಕಣ್ಣು ಮುಚ್ಚಿದಳು. ಕತ್ತಿನ ನರ ಉಬ್ಬಿತು. ಡ್ರೈವರ್ ಹಾರನ್ ಹೊಡೆದ. ಕಡಲೆಕಾಯಿ ಮಾರುವವಳು ನನ್ನನ್ನು ತಳ್ಳಿಕೊಂಡು ಮುಂದೆ ಹೋದಳು. “ಬ... ಬ...”

‘ಬರ್ತೀನಿ’ ಅಂದುಕೊಂಡೆ. ಅಲ್ಲ, ‘ಬರಲ್ಲ’ ಇರಬೇಕು. ಇಲ್ಲವೇ ‘ಬೇಜಾರು ಮಾಡ್ಕೋಬೇಡಿ’. ಅವಳ ಪಕ್ಕದಲ್ಲಿ ಕೂತಿದ್ದ ನನ್ನಾಕೆ ನನ್ನ ಬಾಯಿಯನ್ನೇ ನೋಡುತ್ತಿದ್ದಳು. ನನಗೆ ಏನೂ ಮಾಡಲಾಗಲಿಲ್ಲ. ಬಾಯಿ ತೆರೆಯಲಿಲ್ಲ. ಮರದ ಕೊರಡಿನ ಹಾಗೆ ಸುಮ್ಮನೆ ನಿಂತಿದ್ದೆ. ಕಂಡಕ್ಟರ್ ಸೀಟಿ ಊದಿದ. ಬಸ್ಸು ಅಲುಗಾಡಿತು. ಅವಳು ಇನ್ನೂ ಅದೇ ಅಕ್ಷರದ ಮೇಲಿದ್ದಳು. ನಾನು ಕಿಟಕಿಯ ಜೊತೆಗೇ ನಡೆಯತೊಡಗಿದೆ. ಎಷ್ಟು ಹೊತ್ತೋ. ಒಂದೂವರೆ ನಿಮಿಷಕ್ಕಿಂತ ಹೆಚ್ಚೇ ಆಗಿರಬೇಕು. ನಿಲ್ದಾಣದ ಗೇಟಿನ ಹತ್ತಿರ ಬಸ್ಸು ತಿರುಗಲು ನಿಂತಾಗ ಪದ ಬಂತು.

“ಬಿಸಿನೀರು ಕುಡೀರಿ. ಗಂಟಲು ಹಾ-ಹಾಳಾಗಿದೆ.”

ನಾನು ಅಂದುಕೊಂಡ ಮೂರರಲ್ಲಿ ಒಂದೂ ಅಲ್ಲ.

ತಲೆಯಾಡಿಸಿದೆ. ಬಸ್ಸು ರಸ್ತೆಗೆ ಸೇರಿ ಕಾಣದಾಯಿತು. ಕೈ ಬೀಸಬೇಕಿತ್ತು ಎನ್ನುವುದು ಆಮೇಲೆ ಹೊಳೆಯಿತು.

ಮನೆಗೆ ಬಂದೆ. ಇನ್ನೇನು ಮಾಡಬೇಕೋ ತೋಚಲಿಲ್ಲ. ಪಾತ್ರೆಗೆ ನೀರು ಹಾಕಿ ಒಲೆ ಹಚ್ಚಿದೆ. ನೀರು ಕಾಯುವ ತನಕ ಅಲ್ಲೇ ನಿಂತು ಕಾದೆ.